ಓದುಗರ ಪ್ರಶ್ನೆ: ಅಮೆರಿಕ ಕಟ್ಟಿದ ಹೆಂಗಸರು ಎಲ್ಲಿ ಹೋದರು?

ಕಳೆದ ಸಂಚಿಕೆಯಲ್ಲಿ ಕೋಕಿ ರಾಬರ್ಟ್ಸ್ ಎಂಬ ಅಮೆರಿಕದ ಪತ್ರಕರ್ತೆಯ ಪುಸ್ತಕಗಳ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಅಮೆರಿಕ ಸ್ವತಂತ್ರವಾದ ಕಾಲದಲ್ಲಿ ಅಲ್ಲಿನ ಹೆಂಗಸರು ಏನು ಮಾಡುತ್ತಿದ್ದರು ಎಂದು ಹುಡುಕಿ ಬರೆದವರು ಅವರು. ಅಷ್ಟಕ್ಕೇ ಇಷ್ಟೊಂದು ಪತ್ರಗಳು ಬಂದಿವೆ. ಹಾಗಾಗಿ ಈ ಸಲದ ಪುಟ ಪೂರ್ತಿ ಅದಕ್ಕೇ.

ಮೇಡಂ, ಅವರು ರೇಡಿಯೋ, ಟಿವಿ ವರದಿಗಾರ್ತಿ ಅಂತ ಬರೆದಿದ್ದಿರಿ. ವರದಿಗಾರರು ಬರೆದ ಇತಿಹಾಸವನ್ನು ನಂಬಬಹುದಾ? — ಪದವಿ ವಿದ್ಯಾರ್ಥಿನಿ, ಹಾಸನ

ನಂಬಬಹುದು. ಆದರೆ ಅವರು ಯಾರು ಅಂತ ಮೊದಲು ಹೇಳಿಬಿಡುತ್ತೇನೆ, ಯಾಕೆಂದರೆ ಪುಸ್ತಕಗಳ ಬೇರು ಅವರ ಮನೆಯಲ್ಲೇ ಇದೆ.

ಕೋಕಿ ಹುಟ್ಟಿದ್ದು 1943ರಲ್ಲಿ, ನ್ಯೂ ಆರ್ಲಿಯನ್ಸ್‌ನಲ್ಲಿ. ಅಪ್ಪ ಹೇಲ್ ಬಾಗ್ಸ್ ಅಮೆರಿಕದ ಸಂಸತ್ತಿನಲ್ಲಿ ದೊಡ್ಡ ನಾಯಕ. 1972ರ ಅಕ್ಟೋಬರ್‌ನಲ್ಲಿ ಅಲಾಸ್ಕಾದಲ್ಲಿ ಅವರಿದ್ದ ಸಣ್ಣ ವಿಮಾನ ಕಾಣೆಯಾಯಿತು. ಇವತ್ತಿಗೂ ಸಿಕ್ಕಿಲ್ಲ. ಆ ಜಾಗಕ್ಕೆ 1973ರಲ್ಲಿ ಉಪಚುನಾವಣೆ ನಡೆದಾಗ ಅಮ್ಮ ಲಿಂಡಿ ಬಾಗ್ಸ್ ನಿಂತು ಗೆದ್ದರು. ಅಷ್ಟರಲ್ಲಾಗಲೇ ಮೂವತ್ತು ವರ್ಷ ಗಂಡನ ಚುನಾವಣೆ, ಕಚೇರಿ, ಭಾಷಣ, ಜನಸಂಪರ್ಕ ಎಲ್ಲವನ್ನೂ ತೆರೆಯ ಹಿಂದೆ ನಡೆಸಿದ್ದವರು ಅವರು.

ಅವರು ಸಂಸತ್ತಿಗೆ ಹೋದ ಮೇಲೆ ನಡೆದದ್ದು ನನಗೆ ತುಂಬಾ ಇಷ್ಟವಾದ ಘಟನೆ. ಆಗ ಅಮೆರಿಕದಲ್ಲಿ ಹೆಂಗಸರಿಗೆ ಗಂಡನ ಸಹಿಯಿಲ್ಲದೆ ಸಾಲವನ್ನೋ ಕ್ರೆಡಿಟ್ ಕಾರ್ಡನ್ನೋ ಕೊಡಲು ಬ್ಯಾಂಕುಗಳು ಹಿಂದೇಟು ಹಾಕುತ್ತಿದ್ದವು. ಸಾಲ ಕೊಡುವಾಗ ಭೇದ ಮಾಡಬಾರದು ಎಂಬ ಮಸೂದೆ ಲಿಂಡಿ ಇದ್ದ ಸಮಿತಿಯ ಮುಂದೆ ಬಂತು. ಅದರಲ್ಲಿ ಜನಾಂಗ ಇತ್ತು, ವಯಸ್ಸು ಇತ್ತು, ಹೆಂಗಸು ಎಂಬ ಮಾತೇ ಇರಲಿಲ್ಲ. ಲಿಂಡಿ ಅಲ್ಲೇ ಪೆನ್ನು ತೆಗೆದುಕೊಂಡು 'ಲಿಂಗ, ವೈವಾಹಿಕ ಸ್ಥಿತಿ' ಎಂಬುದನ್ನು ಕೈಯಲ್ಲಿ ಬರೆದು ಸೇರಿಸಿದರು, ತಾವೇ ಹೋಗಿ ಪ್ರತಿ ಮಾಡಿಸಿಕೊಂಡು ಬಂದು ಎಲ್ಲ ಸದಸ್ಯರಿಗೂ ಹಂಚಿದರು, ಇದು ಕೈತಪ್ಪಿ ಬಿಟ್ಟುಹೋಗಿರಬೇಕು, ನಿಮ್ಮನ್ನೆಲ್ಲ ನಾನು ಬಲ್ಲೆನಲ್ಲ ಎಂದು ನಯವಾಗಿ ಹೇಳಿದರು. ಯಾರೂ ಬೇಡವೆನ್ನಲಿಲ್ಲ. 1974ರ ಆ ಕಾನೂನು ಇವತ್ತಿಗೂ ಜಾರಿಯಲ್ಲಿದೆ.

ಇಂಥ ಅಮ್ಮನನ್ನು ನೋಡುತ್ತಾ ಬೆಳೆದ ಮಗಳಿಗೆ, ಅಮೆರಿಕ ಸ್ವಾತಂತ್ರ್ಯ ಘೋಷಿಸಿದ 1776ರಲ್ಲಿ ಹೆಂಗಸರು ಸುಮ್ನೆ ಕೂತಿದ್ದರು ಎಂದರೆ ನಂಬಿಕೆ ಬರುತ್ತದೆಯೇ? ಕೋಕಿ 1978ರಲ್ಲಿ ಎನ್‌ಪಿಆರ್ ರೇಡಿಯೋ ಸೇರಿದರು, ಆಮೇಲೆ ಎಬಿಸಿ ಟಿವಿಯಲ್ಲೂ ಕೆಲಸ ಮಾಡಿದರು, 2019ರಲ್ಲಿ ತೀರಿಕೊಂಡರು. ಸಂಸತ್ತಿನ ವರದಿ ಮಾಡಿ ಮಾಡಿ ಪಳಗಿದ ಕೈ. ಅಡ್ಡ ಪ್ರಶ್ನೆ ಕೇಳುವ ಅಭ್ಯಾಸ ಇತ್ತು. ಗಂಡಸರೆಲ್ಲ ವರ್ಷಗಟ್ಟಲೆ ಫಿಲಡೆಲ್ಫಿಯಾದಲ್ಲಿ ಸಭೆ ನಡೆಸುತ್ತಾ ಕೂತಿದ್ದರೆ ಊರಲ್ಲಿ ಹೊಲ ನೋಡಿಕೊಂಡವರು ಯಾರು, ಸಾಲ ತೀರಿಸಿದವರು ಯಾರು, ಅಂಗಡಿ ನಡೆಸಿದವರು ಯಾರು ಎಂದು ಕೇಳಿದರು. ಉತ್ತರವನ್ನು ಆಗಿನ ಪತ್ರ, ದಿನಚರಿಗಳಲ್ಲೇ ಹುಡುಕಿದರು. ವಿಶ್ವವಿದ್ಯಾಲಯದ ಇತಿಹಾಸಕಾರರ ಹಾಗೆ ಹೊಸ ವಾದ ಕಟ್ಟುವುದಿಲ್ಲ, ನಿಜ. ಆದರೆ ಹೇಳಿದ್ದಕ್ಕೆಲ್ಲ ಕಾಗದದ ಆಧಾರ ಕೊಡುತ್ತಾರೆ.

ಯಾವ ಪುಸ್ತಕದಿಂದ ಶುರು ಮಾಡಲಿ? — ನಿವೃತ್ತ ಶಿಕ್ಷಕರು, ಕಡೂರು

2004ರ 'ಫೌಂಡಿಂಗ್ ಮದರ್ಸ್'. ಇದು ಸ್ವಾತಂತ್ರ್ಯ ಹೋರಾಟದ ಕಾಲದ್ದು. ಅದು ಹಿಡಿಸಿದರೆ 2008ರ 'ಲೇಡೀಸ್ ಆಫ್ ಲಿಬರ್ಟಿ', ಅದರಲ್ಲಿ 1825ರವರೆಗಿನ ಕಥೆ. 2015ರ 'ಕ್ಯಾಪಿಟಲ್ ಡೇಮ್ಸ್' 1861ರಿಂದ 1865ರವರೆಗೆ ಉತ್ತರ, ದಕ್ಷಿಣದ ರಾಜ್ಯಗಳ ನಡುವೆ ನಡೆದ ಅಂತರ್ಯುದ್ಧದ ಕಾಲದ ವಾಷಿಂಗ್ಟನ್ ನಗರದ್ದು. ಮೊಮ್ಮಕ್ಕಳಿದ್ದರೆ ಮೊದಲಿನ ಎರಡಕ್ಕೂ ಚಿತ್ರಪುಸ್ತಕದ ರೂಪ ಇದೆ.

ಇವರೆಲ್ಲ ದೊಡ್ಡವರ ಹೆಂಡತಿಯರು. ಗಂಡನ ಹೆಸರಿಂದ ಇವರಿಗೆ ಹೆಸರು. ನಿಜವಾಗಿ ಏನು ಮಾಡಿದರು ಹೇಳಿ ನೋಡೋಣ. — ಓದುಗರು, ಧಾರವಾಡ

ಖಂಡಿತ ಹೇಳುತ್ತೇನೆ, ಈ ಪ್ರಶ್ನೆಗೇ ಕಾಯುತ್ತಿದ್ದೆ.

ಡೆಬೊರಾ ಫ್ರಾಂಕ್ಲಿನ್‌ರಿಂದ ಶುರು ಮಾಡೋಣ. ಬೆಂಜಮಿನ್ ಫ್ರಾಂಕ್ಲಿನ್ ಗೊತ್ತಲ್ಲ, ಗಾಳಿಪಟ, ಮಿಂಚು. ಅವರು 1757ರಲ್ಲಿ ಲಂಡನ್‌ಗೆ ಹೋದರು, ನಡುವೆ ಎರಡು ವರ್ಷ ಬಂದಿದ್ದು ಬಿಟ್ಟರೆ ಹೆಂಡತಿ ಸಾಯುವವರೆಗೂ ಅಲ್ಲೇ ಇದ್ದರು. ಫಿಲಡೆಲ್ಫಿಯಾದ ಮನೆ, ಆಸ್ತಿ, ವ್ಯವಹಾರ ಎಲ್ಲ ಡೆಬೊರಾ ಕೈಯಲ್ಲಿ. 1765ರಲ್ಲಿ ಬ್ರಿಟಿಷರು ಪತ್ರಿಕೆ, ದಸ್ತಾವೇಜುಗಳ ಮೇಲೆ ಸ್ಟ್ಯಾಂಪ್ ತೆರಿಗೆ ಹಾಕಿದಾಗ ಫ್ರಾಂಕ್ಲಿನ್ ಅದಕ್ಕೆ ಕೈಜೋಡಿಸಿದ್ದಾರೆ ಎಂದು ಸುದ್ದಿ ಹಬ್ಬಿ ಜನರು ಮನೆ ಕೆಡವಲು ಬರುತ್ತಾರೆ ಎನ್ನುವ ಹಾಗಾಯಿತು. ಡೆಬೊರಾ ಮಗಳನ್ನು ಬೇರೆ ಊರಿಗೆ ಕಳಿಸಿದರು. ತಾವು ಮಾತ್ರ ಕದಲಲಿಲ್ಲ. ಬಂಧುಗಳಿಂದ ಬಂದೂಕು ತರಿಸಿಕೊಂಡು ಮನೆಯಲ್ಲೇ ಕೂತರು. ನಾನು ಯಾರಿಗೂ ಅನ್ಯಾಯ ಮಾಡಿಲ್ಲ, ಯಾಕೆ ಹೋಗಲಿ ಎಂದು ಗಂಡನಿಗೆ ಬರೆದರು. 1774ರ ಡಿಸೆಂಬರ್‌ನಲ್ಲಿ ಅವರು ತೀರಿಕೊಂಡಾಗಲೂ ಗಂಡ ಲಂಡನ್ನಿನಲ್ಲಿಯೇ.

ಇನ್ನೊಬ್ಬರು ಎಸ್ತರ್ ರೀಡ್. ಹುಟ್ಟಿದ್ದೇ ಲಂಡನ್‌ನಲ್ಲಿ, ಮದುವೆಯಾಗಿ ಅಮೆರಿಕಕ್ಕೆ ಬಂದವರು. 1780ರ ಮೇ ತಿಂಗಳಲ್ಲಿ ದಕ್ಷಿಣದ ಬಂದರು ಚಾರ್ಲ್ಸ್‌ಟನ್ ಬ್ರಿಟಿಷರ ವಶವಾಯಿತು. ಸೇನಾಪತಿ ಜಾರ್ಜ್ ವಾಷಿಂಗ್ಟನ್ನರ ಸೈನ್ಯಕ್ಕೆ ಸಂಬಳ ಇಲ್ಲ, ಮೈಮೇಲೆ ಸರಿಯಾದ ಬಟ್ಟೆ ಇಲ್ಲ. ಜೂನ್‌ನಲ್ಲಿ ಎಸ್ತರ್ ಒಂದು ಕರಪತ್ರ ಅಚ್ಚು ಹಾಕಿಸಿದರು. ಹೆಂಗಸರು ಆಡಂಬರ ಬಿಟ್ಟು ಆ ದುಡ್ಡನ್ನು ಸೈನಿಕರಿಗೆ ಕೊಡಬೇಕು ಎಂಬುದು ಅದರ ಸಾರ. ಆಮೇಲೆ ಫಿಲಡೆಲ್ಫಿಯಾದ ಹೆಂಗಸರು ಊರನ್ನು ಹಂಚಿಕೊಂಡು ಮನೆಮನೆಗೆ ಹೋಗಿ ಬಾಗಿಲು ತಟ್ಟಿದರು. ಮರ್ಯಾದಸ್ಥ ಮನೆಯ ಹೆಂಗಸರು ಹೀಗೆ ಬೀದಿಯಲ್ಲಿ ದುಡ್ಡು ಕೇಳುವುದೇ ಎಂದು ಆಡಿಕೊಂಡವರೂ ಇದ್ದರು. 1,600ಕ್ಕೂ ಹೆಚ್ಚು ಜನ ಕೊಟ್ಟರು, 3 ಲಕ್ಷ ಡಾಲರ್ ದಾಟಿತು. ಆಗಿನ ಕಾಗದದ ಡಾಲರಿಗೆ ಬೆಲೆ ತೀರಾ ಕುಸಿದಿತ್ತು ಎಂಬುದನ್ನೂ ನೆನಪಿಟ್ಟುಕೊಳ್ಳಬೇಕು. ಆದರೂ ಅದು ಸಣ್ಣ ಕೆಲಸವಲ್ಲ.

ಮುಂದೆ ನಡೆದದ್ದು ಇನ್ನೂ ಸ್ವಾರಸ್ಯ. ಎಸ್ತರ್‌ಗೆ ಆ ಹಣವನ್ನು ಪ್ರತಿ ಸೈನಿಕನ ಕೈಗೂ ಬೆಳ್ಳಿ ನಾಣ್ಯದಲ್ಲೇ ಕೊಡಬೇಕು ಅಂತ ಆಸೆ. ವಾಷಿಂಗ್ಟನ್ ಒಪ್ಪಲಿಲ್ಲ. ಸೈನಿಕರು ಕುಡಿದು ಹಾಳುಮಾಡುತ್ತಾರೆ, ಸರ್ಕಾರ ಕೊಡುವ ಕಾಗದದ ಸಂಬಳದ ಮೇಲೆ ಇನ್ನಷ್ಟು ಸಿಟ್ಟಾಗುತ್ತಾರೆ, ಅದರ ಬದಲು ಅಂಗಿ ಹೊಲಿಸಿ ಕೊಡಿ ಎಂದರು. ಒಬ್ಬ ಗೃಹಿಣಿ, ಒಬ್ಬ ಸೇನಾಪತಿ, ಇಬ್ಬರ ನಡುವೆ ಪತ್ರದಲ್ಲೇ ಚೌಕಾಸಿ. ಕೊನೆಗೆ ಎಸ್ತರ್ ಒಪ್ಪಿಕೊಂಡರು. ಆದರೆ ಸೆಪ್ಟೆಂಬರ್‌ನಲ್ಲಿ, ಇನ್ನೂ 33ರ ವಯಸ್ಸಿನಲ್ಲಿ, ಕಾಯಿಲೆಯಿಂದ ತೀರಿಕೊಂಡರು. ಕೆಲಸ ನಿಲ್ಲಲಿಲ್ಲ. ಫ್ರಾಂಕ್ಲಿನ್ ಮಗಳು, ಅಂದರೆ ಮೇಲೆ ಹೇಳಿದ ಡೆಬೊರಾ ಅವರ ಮಗಳು ಸಾರಾ, ಮುಂದಾಳಾದರು. ದುಡ್ಡು ಉಳಿಸಲು ದರ್ಜಿಗಳಿಗೆ ಕೊಡದೆ ತಾವೇ ಹೊಲಿದರು. ವರ್ಷ ಮುಗಿಯುವಷ್ಟರಲ್ಲಿ ಎರಡು ಸಾವಿರಕ್ಕೂ ಹೆಚ್ಚು ಅಂಗಿ ಸಿದ್ಧವಾದವು, ಒಂದೊಂದರ ಮೇಲೂ ಹೊಲಿದವಳ ಹೆಸರಿತ್ತು.

ಗಂಡನ ಹೆಸರಿನ ಹಂಗೇ ಇಲ್ಲದವರೂ ಇದ್ದಾರೆ. ಮೇರಿ ಕ್ಯಾಥರೀನ್ ಗೊಡಾರ್ಡ್ ಮದುವೆಯಾಗಲಿಲ್ಲ. ಬಾಲ್ಟಿಮೋರ್‌ನಲ್ಲಿ ಮುದ್ರಣಾಲಯ ಮತ್ತು ಪತ್ರಿಕೆ ನಡೆಸುತ್ತಿದ್ದರು, 1775ರಿಂದ ಆ ಊರಿನ ಪೋಸ್ಟ್‌ಮಾಸ್ಟರ್ ಕೂಡ ಅವರೇ. ಸ್ವಾತಂತ್ರ್ಯ ಘೋಷಣೆ ಮೊದಲು ಅಚ್ಚಾದಾಗ ಸಹಿ ಹಾಕಿದವರ ಪೂರ್ತಿ ಪಟ್ಟಿ ಅದರಲ್ಲಿರಲಿಲ್ಲ. ಸಿಕ್ಕಿಬಿದ್ದರೆ ರಾಜದ್ರೋಹ, ನೇಣು. ಹೆಸರುಗಳ ಸಮೇತ ಮೊದಲು ಅಚ್ಚಾದದ್ದು 1777ರ ಜನವರಿಯಲ್ಲಿ, ಗೊಡಾರ್ಡ್ ಮುದ್ರಣಾಲಯದಲ್ಲಿ. ಕೆಳಗೆ ಮುದ್ರಕಿಯಾಗಿ ತನ್ನ ಪೂರ್ತಿ ಹೆಸರನ್ನೂ ಹಾಕಿದರು. ಆ ಧೈರ್ಯ ನೋಡಿ! 1789ರಲ್ಲಿ ಹೊಸ ಸರ್ಕಾರ ಬಂದಾಗ ಅವರನ್ನು ಪೋಸ್ಟ್‌ಮಾಸ್ಟರ್ ಕೆಲಸದಿಂದ ತೆಗೆದರು. ಆ ಹುದ್ದೆಗೆ ಜಾಸ್ತಿ ಓಡಾಟ ಬೇಕು, ಹೆಂಗಸಿನಿಂದ ಆಗುವುದಿಲ್ಲ ಎಂಬ ಕಾರಣ ಕೊಟ್ಟರು. ಊರಿನ ಇನ್ನೂರಕ್ಕೂ ಹೆಚ್ಚು ಜನ ಅವರ ಪರ ಸಹಿ ಹಾಕಿ ಮನವಿ ಕೊಟ್ಟರೂ, ಅವರೇ ಅಧ್ಯಕ್ಷ ವಾಷಿಂಗ್ಟನ್ನರಿಗೆ ಬರೆದುಕೊಂಡರೂ ಕೆಲಸ ವಾಪಸ್ ಬರಲಿಲ್ಲ. ಹದಿನಾಲ್ಕು ವರ್ಷ, ಅದೂ ಯುದ್ಧದ ನಡುವೆ, ಅಂಚೆ ನಡೆಸಿದವರಿಗೆ ಹೀಗೆ ಮಾಡಿದ್ದು ಅನ್ಯಾಯವೇ.

ಅಬಿಗೇಲ್ ಆಡಮ್ಸ್ ಗಂಡನಿಗೆ 'ಹೆಂಗಸರನ್ನು ಮರೆಯಬೇಡಿ' ಅಂತ ಪತ್ರ ಬರೆದರಂತೆ. ಗಂಡ ಕೇಳಿದನಾ? — ಗೃಹಿಣಿ, ಶಿರಸಿ

ಇಲ್ಲ. ಮುಂದೆ ಅಮೆರಿಕದ ಎರಡನೇ ಅಧ್ಯಕ್ಷರಾದ ಗಂಡ ಜಾನ್ ಆಗ ಫಿಲಡೆಲ್ಫಿಯಾದ ಸಭೆಯಲ್ಲಿದ್ದರು. 1776ರ ಮಾರ್ಚ್ 31ರಂದು ಅಬಿಗೇಲ್ ಬರೆದರು, ಹೊಸ ಕಾನೂನು ಮಾಡುವಾಗ ಹೆಂಗಸರನ್ನು ನೆನಪಿಟ್ಟುಕೊಳ್ಳಿ, ಗಂಡಂದಿರ ಕೈಗೆ ಮಿತಿಯಿಲ್ಲದ ಅಧಿಕಾರ ಕೊಡಬೇಡಿ ಎಂದು. ಏಪ್ರಿಲ್ 14ರಂದು ಜಾನ್ ಆಡಮ್ಸ್ ಉತ್ತರ ಬರೆದರು, ನಿನ್ನ ಕಾನೂನಿನ ಮಾತು ಓದಿ ನಗದೇ ಇರಲಾಗಲಿಲ್ಲ ಎಂದು. ತಮ್ಮ ಗೆಳತಿ ಮರ್ಸಿ ವಾರನ್‌ಗೆ ಅಬಿಗೇಲ್ ಇದನ್ನು ಹೇಳಿಕೊಂಡಿದ್ದಾರೆ. ಆ ಮರ್ಸಿ ಕೂಡ ಸಾಮಾನ್ಯರಲ್ಲ, 1805ರಲ್ಲಿ ಅಮೆರಿಕದ ಕ್ರಾಂತಿಯ ಇತಿಹಾಸವನ್ನು ಮೂರು ಸಂಪುಟಗಳಲ್ಲಿ ತಮ್ಮ ಹೆಸರಿನಲ್ಲೇ ಪ್ರಕಟಿಸಿದವರು.

ಗಂಡ ನಕ್ಕರು ಅಂತ ಅಬಿಗೇಲ್ ಕೈಕಟ್ಟಿ ಕೂರಲಿಲ್ಲ. ಅದೇ ವರ್ಷದ ಜುಲೈನಲ್ಲಿ, ಆ ಕಡೆ ಫಿಲಡೆಲ್ಫಿಯಾದಲ್ಲಿ ಸ್ವಾತಂತ್ರ್ಯ ಘೋಷಣೆ ಆಗುತ್ತಿದ್ದರೆ, ಈ ಕಡೆ ಅವರು ಮಕ್ಕಳನ್ನು ಕರೆದುಕೊಂಡು ಬಾಸ್ಟನ್‌ಗೆ ಹೋಗಿ ಸಿಡುಬಿಗೆ ಚುಚ್ಚು ಹಾಕಿಸಿಕೊಂಡರು. ಆಗಿನ ವಿಧಾನ ಈಗಿನ ಲಸಿಕೆಯಂತಲ್ಲ, ನಿಜವಾದ ಸಿಡುಬಿನ ಕೀವನ್ನೇ ಗಾಯಕ್ಕೆ ಸೇರಿಸುತ್ತಿದ್ದರು, ಕೆಲವರು ಅದರಿಂದಲೇ ಸಾಯುತ್ತಿದ್ದರು. ಆ ನಿರ್ಧಾರವನ್ನು ಆ ತಾಯಿ ಒಬ್ಬರೇ ನಿಭಾಯಿಸಿದರು. ದುಡ್ಡಿನ ವಿಷಯದಲ್ಲೂ ಜಾಣೆ. ಗಂಡನಿಗೆ ಜಮೀನು ಕೊಳ್ಳುವ ಹುಚ್ಚು, ಇವರು ಸರ್ಕಾರದ ಸಾಲಪತ್ರ ಕೊಂಡು ಜಾಸ್ತಿ ಲಾಭ ಮಾಡಿದರು. ಮದುವೆಯಾದ ಹೆಂಗಸಿಗೆ ಕಾನೂನಿನ ಪ್ರಕಾರ ಸ್ವಂತ ಆಸ್ತಿಯೇ ಇರಲಿಲ್ಲ. ಆದರೂ 1816ರಲ್ಲಿ ಅಬಿಗೇಲ್ ಉಯಿಲು ಬರೆದರು, ಬಹುಪಾಲನ್ನು ಮನೆತನದ ಹೆಂಗಸರಿಗೇ ಹಂಚಿದರು.

ಇನ್ನೊಂದು ಮಾತು ಸೇರಿಸಬೇಕು. ನ್ಯೂಜೆರ್ಸಿ ರಾಜ್ಯದಲ್ಲಿ 1776ರಿಂದಲೇ ಹೆಂಗಸರು ಮತ ಹಾಕಬಹುದಿತ್ತು, 50 ಪೌಂಡ್ ಆಸ್ತಿ ಇದ್ದರೆ. ಮದುವೆಯಾದವರ ಆಸ್ತಿ ಗಂಡನದೇ ಆದ್ದರಿಂದ ಇದು ಹೆಚ್ಚಾಗಿ ವಿಧವೆಯರಿಗೂ ಮದುವೆಯಾಗದವರಿಗೂ ಸಿಕ್ಕಿತು. ಅಲ್ಲಿನ ಹೆಂಗಸರು ನಿಜವಾಗಿಯೂ ಮತ ಹಾಕಿದರು. 1807ರಲ್ಲಿ ಆ ಹಕ್ಕನ್ನು ಕಿತ್ತುಕೊಂಡರು. ದೇಶದ ಸಂವಿಧಾನದಲ್ಲೇ ಅದು ಬರುವಷ್ಟರಲ್ಲಿ 1920 ಆಯಿತು. ಕೊಟ್ಟಿದ್ದನ್ನು ವಾಪಸ್ ತೆಗೆದುಕೊಳ್ಳಬಹುದು ಎಂಬುದು ಇದನ್ನು ಓದಿದಾಗ ನನ್ನನ್ನು ಹೆಚ್ಚು ಕಾಡಿದ ವಿಷಯ.

ಡಾಲಿ ಮ್ಯಾಡಿಸನ್ ಬೆಂಕಿಯಿಂದ ವಾಷಿಂಗ್ಟನ್ ಚಿತ್ರವನ್ನು ಕೈಯಾರೆ ಹೊತ್ತು ತಂದದ್ದು ನಿಜವಾ? — ಹೈಸ್ಕೂಲ್ ಹುಡುಗ, ತುಮಕೂರು

ಪೂರ್ತಿ ನಿಜ ಅಲ್ಲ ಮರಿ. 1814ರ ಆಗಸ್ಟ್‌ನಲ್ಲಿ ಬ್ರಿಟಿಷ್ ಸೈನ್ಯ ವಾಷಿಂಗ್ಟನ್ ನಗರಕ್ಕೆ ನುಗ್ಗಿ ಅಧ್ಯಕ್ಷರ ಮನೆಗೆ ಬೆಂಕಿ ಹಚ್ಚುವ ಮುಂಚೆ, ಚಿತ್ರ ಬಿಟ್ಟು ಹೋಗಬಾರದು, ಚೌಕಟ್ಟು ಒಡೆದಾದರೂ ತೆಗೆಯಿರಿ ಅಂತ ಹೇಳಿದ್ದು ಆಗಿನ ಅಧ್ಯಕ್ಷರ ಹೆಂಡತಿ ಡಾಲಿ. ತಂಗಿಗೆ ಬರೆದ ಪತ್ರದಲ್ಲಿ ಹಾಗೆಂದಿದ್ದಾರೆ. ಆದರೆ ಕೆಳಗಿಳಿಸಿದ್ದು ಬಾಗಿಲು ಕಾಯುವವನು ಮತ್ತು ತೋಟದ ಮಾಲಿ. ಇದನ್ನು ಬರೆದಿಟ್ಟದ್ದು ಪಾಲ್ ಜೆನ್ನಿಂಗ್ಸ್, ಆ ಮನೆಯಲ್ಲಿ ಗುಲಾಮನಾಗಿದ್ದ ನಿನ್ನ ವಯಸ್ಸಿನ ಹುಡುಗ. ಮುಂದೆ ಸ್ವತಂತ್ರನಾಗಿ 1865ರಲ್ಲಿ ತನ್ನ ನೆನಪುಗಳನ್ನು ಅಚ್ಚು ಹಾಕಿಸಿದ.

ಇದೆಲ್ಲ ಉಳ್ಳವರ ಮನೆಯ ಬಿಳಿ ಹೆಂಗಸರ ಕಥೆ ಅಲ್ವಾ? ಗುಲಾಮ ಹೆಂಗಸರು ಎಲ್ಲಿ? — ಸಂಶೋಧನಾ ವಿದ್ಯಾರ್ಥಿ, ಮೈಸೂರು

ನಿಮ್ಮ ಮಾತು ಒಪ್ಪುತ್ತೇನೆ. ಕೋಕಿ ಅವರ ಮೊದಲ ಎರಡು ಪುಸ್ತಕಗಳ ದೊಡ್ಡ ಕೊರತೆ ಇದೇ. ಪತ್ರ ಉಳಿದವರ ಕಥೆ ಉಳಿಯಿತು. ಮಾರ್ಥಾ ವಾಷಿಂಗ್ಟನ್ ಅಂಥವರೇ ಗಂಡ ಹೆಂಡತಿ ಬರೆದುಕೊಂಡ ಪತ್ರಗಳನ್ನು ಸುಟ್ಟುಹಾಕಿದ್ದರಿಂದ, ಯುದ್ಧದ ಎಂಟು ವರ್ಷವೂ ಚಳಿಗಾಲದ ಸೇನಾ ಶಿಬಿರಕ್ಕೆ ಹೋಗಿ ನಿಂತ ಆಕೆಯ ಮನಸ್ಸು ನಮಗೆ ಅಷ್ಟಾಗಿ ಸಿಗುವುದಿಲ್ಲ. ಹೀಗಿರುವಾಗ ಬರೆಯಲು ಬಿಡದೇ ಇದ್ದವರ ಗತಿ ಏನು?

ಸೌತ್ ಕ್ಯಾರೊಲೈನಾದ ಉದಾಹರಣೆ ನೋಡಿ. ಎಲೈಜಾ ಲ್ಯೂಕಸ್ ಪಿಂಕ್ನಿ ಹದಿಹರೆಯದಲ್ಲೇ, ಅಪ್ಪ ಕೆರಿಬಿಯನ್ ದ್ವೀಪ ಆಂಟಿಗುವಾಕ್ಕೆ ಹೋದಾಗ, ಮೂರು ತೋಟಗಳ ಉಸ್ತುವಾರಿ ವಹಿಸಿಕೊಂಡರು, ಒಂದಲ್ಲ ಒಂದು ಬೀಜ ಹಾಕಿ ನೋಡಿ ಕೊನೆಗೆ ನೀಲಿ ಬೆಳೆಯನ್ನು ಗೆಲ್ಲಿಸಿದರು. ಆ ಬಣ್ಣದ ರಫ್ತಿನಿಂದ ಇಡೀ ಪ್ರಾಂತ್ಯವೇ ಶ್ರೀಮಂತವಾಯಿತು. 1793ರಲ್ಲಿ ಅವರು ತೀರಿಕೊಂಡಾಗ ರಾಷ್ಟ್ರಾಧ್ಯಕ್ಷ ವಾಷಿಂಗ್ಟನ್ನರೇ ಶವಪೆಟ್ಟಿಗೆಗೆ ಹೆಗಲು ಕೊಟ್ಟರು. ಇಷ್ಟು ಪುಸ್ತಕದಲ್ಲಿದೆ. ಆದರೆ ಆ ನೀಲಿಗಿಡವನ್ನು ತೊಟ್ಟಿಯಲ್ಲಿ ಕೊಳೆಹಾಕಿ, ಆ ದುರ್ವಾಸನೆಯಲ್ಲಿ ನಿಂತು ಬಡಿದು ಬಣ್ಣ ತೆಗೆದವರು ಗುಲಾಮರು. ಅದೇ ಪ್ರಾಂತ್ಯದಲ್ಲಿ 1740ರಲ್ಲಿ ಒಂದು ಕಾನೂನು ಬಂತು, ಗುಲಾಮರಿಗೆ ಬರೆಯಲು ಕಲಿಸಿದರೆ ದಂಡ. ಎಲೈಜಾ ಪತ್ರಗಳು ಇವತ್ತಿಗೂ ಉಳಿದಿವೆ. ಅವರ ಹೊಲದಲ್ಲಿ ದುಡಿದ ಹೆಂಗಸರ ಪತ್ರ ಇಲ್ಲದಿರುವುದು ಆಕಸ್ಮಿಕ ಅಲ್ಲ. ಕೋಕಿ ಇಲ್ಲಿ ಇನ್ನೂ ಸ್ವಲ್ಪ ಹೊತ್ತು ನಿಲ್ಲಬೇಕಿತ್ತು ಎಂದು ನನಗೆ ಅನ್ನಿಸುತ್ತದೆ.

ಹುಡುಕಿದರೆ ದನಿಗಳು ಇವೆ. ಮ್ಯಾಸಚುಸೆಟ್ಸ್‌ನಲ್ಲಿ ಎಲಿಜಬೆತ್ ಫ್ರೀಮನ್ ಎಂಬ ಗುಲಾಮ ಹೆಂಗಸು 1781ರಲ್ಲಿ ಕೋರ್ಟಿಗೆ ಹೋಗಿ, ರಾಜ್ಯದ ಸಂವಿಧಾನವೇ ಎಲ್ಲರೂ ಸ್ವತಂತ್ರರು ಎನ್ನುವಾಗ ನಾನು ಹೇಗೆ ಗುಲಾಮಳು ಎಂಬ ವಾದ ಹೂಡಿ ಗೆದ್ದರು. ಓನಾ ಜಡ್ಜ್ ಮಾರ್ಥಾ ವಾಷಿಂಗ್ಟನ್ನರ ಖಾಸಗಿ ಸೇವಕಿ. 1796ರಲ್ಲಿ, ಆಗಿನ ರಾಜಧಾನಿ ಫಿಲಡೆಲ್ಫಿಯಾದಲ್ಲಿದ್ದ ಅಧ್ಯಕ್ಷರ ಮನೆಯಿಂದಲೇ ತಪ್ಪಿಸಿಕೊಂಡು ನ್ಯೂ ಹ್ಯಾಂಪ್‌ಶೈರ್ ಸೇರಿದರು. ವಾಷಿಂಗ್ಟನ್ ಅವರನ್ನು ಹಿಡಿಸಲು ಪ್ರಯತ್ನ ಪಟ್ಟರು, ಆಗಲಿಲ್ಲ. ಮುಪ್ಪಿನಲ್ಲಿ ಪತ್ರಿಕೆಯವರ ಮುಂದೆ ಅವರು ತಮ್ಮ ಕಥೆ ಹೇಳಿದ್ದರಿಂದ ನಮಗೆ ಇದು ಗೊತ್ತು.

ಮೂರನೇ ಪುಸ್ತಕಕ್ಕೆ ಬರುವಷ್ಟರಲ್ಲಿ ನೋಟ ಅಗಲವಾಗಿದೆ. ಅದರಲ್ಲಿ ಎಲಿಜಬೆತ್ ಕೆಕ್ಲಿ ಇದ್ದಾರೆ. ಹೊಲಿಗೆಯ ಕೌಶಲದಿಂದ ಗ್ರಾಹಕರ ನಂಬಿಕೆ ಗಳಿಸಿ, ಅವರಿಂದ ಸಾಲ ಪಡೆದು, 1,200 ಡಾಲರ್ ಕೊಟ್ಟು 1855ರಲ್ಲಿ ತನ್ನನ್ನೂ ಮಗನನ್ನೂ ಬಿಡಿಸಿಕೊಂಡವರು, ಆ ಸಾಲವನ್ನೂ ದುಡಿದು ತೀರಿಸಿದವರು. ಆಮೇಲೆ ಲಿಂಕನ್ ಹೆಂಡತಿಗೆ ಬಟ್ಟೆ ಹೊಲಿದರು, 1868ರಲ್ಲಿ ಆತ್ಮಕಥೆ ಬರೆದರು.

'ಕ್ಯಾಪಿಟಲ್ ಡೇಮ್ಸ್'ನಲ್ಲಿ ದುಡಿಯುವ ಹೆಂಗಸರ ವಿಷಯ ಇದೆಯಾ? ನಾನು ಗಾರ್ಮೆಂಟ್ಸ್‌ನಲ್ಲಿ ಕೆಲಸ ಮಾಡುತ್ತೇನೆ. — ಓದುಗರು, ಬೆಂಗಳೂರು

ಇದೆ ಅಕ್ಕ. ಅಂತರ್ಯುದ್ಧಕ್ಕೆ ಗಂಡಸರು ಹೋದಾಗ ಸರ್ಕಾರದ ಖಜಾನೆ ಇಲಾಖೆ ಹೆಂಗಸರನ್ನು ಕೆಲಸಕ್ಕೆ ತೆಗೆದುಕೊಂಡಿತು. ಹೊಸದಾಗಿ ಅಚ್ಚಾದ ನೋಟುಗಳ ಹಾಳೆಯನ್ನು ಕತ್ತರಿಯಿಂದ ಕತ್ತರಿಸುವುದು ಮೊದಲ ಕೆಲಸ. ವರ್ಷಕ್ಕೆ 600 ಡಾಲರ್, ಗಂಡಸರ ಸಂಬಳಕ್ಕಿಂತ ತುಂಬಾ ಕಡಿಮೆ.

ಇನ್ನೊಂದು ಘಟನೆ ಓದುವಾಗ ಎದೆ ಭಾರವಾಗುತ್ತದೆ. ವಾಷಿಂಗ್ಟನ್‌ನ ಶಸ್ತ್ರಾಗಾರದಲ್ಲಿ ಬಂದೂಕಿನ ತೋಟಾ ತುಂಬಲು ಹುಡುಗಿಯರನ್ನು ಇಟ್ಟುಕೊಂಡಿದ್ದರು, ಬಹಳಷ್ಟು ಜನ ಐರಿಷ್ ವಲಸಿಗರ ಮಕ್ಕಳು. 1864ರ ಜೂನ್ 17ರಂದು ಹೊರಗೆ ಬಿಸಿಲಿಗೆ ಒಣಹಾಕಿದ್ದ ಪಟಾಕಿ ಮದ್ದು ಹೊತ್ತಿಕೊಂಡು, ಕಿಡಿ ಕಿಟಕಿಯಿಂದ ಒಳಗೆ ಬಿದ್ದು ಸ್ಫೋಟವಾಯಿತು. ಆಗಿನ ಅಗಲ ಲಂಗಗಳಿಗೆ ಬೆಂಕಿ ತಗುಲಿ ಓಡಲೂ ಆಗಲಿಲ್ಲ. 21 ಜನ ಸತ್ತರು. ಶವಯಾತ್ರೆಗೆ ಲಿಂಕನ್ ಬಂದಿದ್ದರು. ಅಲ್ಲಿನ ಕಾಂಗ್ರೆಷನಲ್ ಸ್ಮಶಾನದಲ್ಲಿ ಅವರ ಸ್ಮಾರಕ ಇದೆ. ಯುದ್ಧದಲ್ಲಿ ಸತ್ತವರು ಎಂದಾಗ ಇವರನ್ನು ಯಾರು ಲೆಕ್ಕ ಹಿಡಿಯುತ್ತಾರೆ?

ಈ ಕಥೆಗಳಿಗೂ ನಮ್ಮ ಕಡೆಗೂ ಏನಾದರೂ ನಂಟು ಇದೆಯಾ? — ಓದುಗರು, ಮಂಡ್ಯ

ಇದೆ, ಅದೂ ನಿಮ್ಮ ಜಿಲ್ಲೆಯಲ್ಲೇ. 1781ರಲ್ಲಿ ಯಾರ್ಕ್‌ಟೌನ್‌ನಲ್ಲಿ ವಾಷಿಂಗ್ಟನ್ ಸೇನೆಗೆ ಸೋತ ಕಾರ್ನ್‌ವಾಲಿಸ್ಸೇ 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿದ್ದು. ಅಮೆರಿಕದ ಹೋರಾಟಗಾರರಿಗೆ ಮೈಸೂರಿನ ಸುದ್ದಿ ಗೊತ್ತಿತ್ತು, 1782ರಲ್ಲಿ ಪೆನ್ಸಿಲ್ವೇನಿಯಾದವರ ಒಂದು ಯುದ್ಧನೌಕೆಗೆ ಹೈದರ್ ಅಲಿಯ ಹೆಸರಿಟ್ಟಿದ್ದರು. ಹೆಂಗಸರ ವಿಷಯಕ್ಕೆ ಬಂದರೆ, 1773ರಲ್ಲಿ ತೆರಿಗೆ ವಿರೋಧಿಸಿ ಅಮೆರಿಕದವರು ಬಾಸ್ಟನ್ನಿನಲ್ಲಿ ಸಮುದ್ರಕ್ಕೆ ಎಸೆದದ್ದು ನಮ್ಮನ್ನು ಆಳಿದ ಅದೇ ಈಸ್ಟ್ ಇಂಡಿಯಾ ಕಂಪನಿಯ ಟೀ. ಮರುವರ್ಷ, 1774ರ ಅಕ್ಟೋಬರ್‌ನಲ್ಲಿ, ನಾರ್ತ್ ಕ್ಯಾರೊಲೈನಾದ ಈಡನ್‌ಟನ್ ಊರಿನ 51 ಹೆಂಗಸರು ಬ್ರಿಟಿಷ್ ಸರಕಿನ ಬಹಿಷ್ಕಾರದ ಪತ್ರಕ್ಕೆ ತಮ್ಮ ಹೆಸರಿನಲ್ಲೇ ಸಹಿ ಹಾಕಿದರು. ಲಂಡನ್ನಿನಲ್ಲಿ ಅವರನ್ನು ಹೀಯಾಳಿಸಿ ವ್ಯಂಗ್ಯಚಿತ್ರ ಬರೆದರು. ಅಡುಗೆಮನೆಗೆ ಏನು ಬರಬೇಕು ಎಂದು ತೀರ್ಮಾನಿಸುವವರು ಹೆಂಗಸರು, ಹಾಗಾಗಿ ಅವರು ಕೈಜೋಡಿಸದೆ ಬಹಿಷ್ಕಾರ ನಡೆಯುತ್ತಲೇ ಇರಲಿಲ್ಲ.

ಪುಸ್ತಕ ಕೊಳ್ಳುವುದು ಕಷ್ಟ. ಮೂಲ ಪತ್ರಗಳನ್ನು ಎಲ್ಲಾದರೂ ಓದಬಹುದಾ? — ಓದುಗರು, ಬೀದರ್

ಫೋನಿನಲ್ಲೇ ಓದಬಹುದು, ಉಚಿತ. ಅಮೆರಿಕದ ರಾಷ್ಟ್ರೀಯ ಪತ್ರಾಗಾರದ 'ಫೌಂಡರ್ಸ್ ಆನ್‌ಲೈನ್' ಎಂಬ ಜಾಲತಾಣ ಇದೆ. ಆಡಮ್ಸ್ ದಂಪತಿಯ ಪತ್ರಗಳು ಮ್ಯಾಸಚುಸೆಟ್ಸ್ ಹಿಸ್ಟಾರಿಕಲ್ ಸೊಸೈಟಿಯ ತಾಣದಲ್ಲಿ ಅವರ ಕೈಬರಹದ ಚಿತ್ರದ ಸಮೇತ ಸಿಗುತ್ತವೆ. ಇಂಗ್ಲಿಷ್ ಹಳೆಯದು, ಕಾಗುಣಿತ ಅಡ್ಡಾದಿಡ್ಡಿ, ಅಬಿಗೇಲ್ ಶಾಲೆಗೇ ಹೋದವರಲ್ಲ. ಜೋರಾಗಿ ಓದಿಕೊಂಡರೆ ಅರ್ಥವಾಗುತ್ತದೆ.

1776ರ ಮಾರ್ಚ್ 31ರ ಪತ್ರವನ್ನೇ ಮೊದಲು ತೆಗೆಯಿರಿ. ಎಲ್ಲರೂ ಎತ್ತಿ ಹೇಳುವ ಆ ಸಾಲಿಗೆ ನಿಲ್ಲಿಸಬೇಡಿ, ಪೂರ್ತಿ ಓದಿ. ಬೇರೆಯವರ ಸ್ವಾತಂತ್ರ್ಯ ಕಸಿಯುವುದು ರೂಢಿಯಾದವರಿಗೆ ತಮ್ಮ ಸ್ವಾತಂತ್ರ್ಯದ ಮೇಲೆ ಅಷ್ಟೇ ತೀವ್ರವಾದ ಪ್ರೀತಿ ಇರುತ್ತದೆಯೇ ಎಂದು ಅದರಲ್ಲೇ ಕೇಳಿದ್ದಾರೆ, ಗುಲಾಮರನ್ನು ಇಟ್ಟುಕೊಂಡ ವರ್ಜೀನಿಯಾದವರನ್ನು ನೆನೆದು. ಬಾಸ್ಟನ್ನಿನ ಮನೆ ಗಲೀಜಾಗಿರುವುದು, ಅಕ್ಕಪಕ್ಕದ ಮಕ್ಕಳ ಗಂಟಲು ಬೇನೆ ಎಲ್ಲ ಅದರಲ್ಲಿದೆ. ಮದ್ದುಗುಂಡಿಗೆ ಬೇಕಾದ ಪೆಟ್ಲುಪ್ಪು ಮಾಡುತ್ತಿದ್ದೀಯಾ ಎಂದು ಗಂಡ ಕೇಳಿದ್ದಕ್ಕೆ, ಇನ್ನೂ ಇಲ್ಲ, ಸೋಪು ಮಾಡುವ ಕೆಲಸ ಮುಗಿದ ಮೇಲೆ ನೋಡುತ್ತೇನೆ, ಸದ್ಯ ಮನೆಯವರಿಗೆಲ್ಲ ಬಟ್ಟೆ ಮಾಡುವುದರಲ್ಲೇ ಕೈ ತುಂಬಿದೆ ಎಂದು ಉತ್ತರ ಕೊಟ್ಟಿದ್ದಾರೆ. ಅದಾದ ಮೇಲೆ ಏಪ್ರಿಲ್ 14ರ ಜಾನ್ ಉತ್ತರ, ಆಮೇಲೆ ಏಪ್ರಿಲ್ 27ರಂದು ಅಬಿಗೇಲ್ ಮರ್ಸಿಗೆ ಬರೆದದ್ದು, ಈ ಕ್ರಮದಲ್ಲಿ ಓದಿ. ಓದಿ ಏನನ್ನಿಸಿತು ಅಂತ ನನಗೂ ಬರೆಯಿರಿ.